ರಾಣಿಯಾಗುವ ಮೊದಲು ಸೋಫಿ: ಒಲಿವಿಯಾ ಕೋಲ್ಮನ್ ಪಳಗಿದ್ದು ಎಲ್ಲಿ?

[ದೃಶ್ಯ: 2019ರ ಆಸ್ಕರ್ ವೇದಿಕೆಯ ಫೋಟೋ. ಹಿನ್ನೆಲೆ ಸಂಗೀತ ಬೇಡ.]

ನಮಸ್ಕಾರ.

2019ರ ಫೆಬ್ರವರಿ, ಆಸ್ಕರ್ ರಾತ್ರಿ. ಅತ್ಯುತ್ತಮ ನಟಿ ಪ್ರಶಸ್ತಿ ಈ ಸಲ ಗ್ಲೆನ್ ಕ್ಲೋಸ್ ಅವರಿಗೇ ಅಂತ ಬಹಳ ಜನ ಲೆಕ್ಕ ಹಾಕಿ ಕೂತಿದ್ದರು. ಕೂಗಿದ ಹೆಸರು ಒಲಿವಿಯಾ ಕೋಲ್ಮನ್. ವೇದಿಕೆ ಹತ್ತಿದವರು ಅಳುತ್ತಾ, ನಗುತ್ತಾ, ತಡವರಿಸುತ್ತಾ ಮಾತಾಡಿದರು. ಹಿಂದೆ ಕ್ಲೀನಿಂಗ್ ಕೆಲಸ ಮಾಡುತ್ತಿದ್ದೆ, ಆ ಕೆಲಸ ಇಷ್ಟವಿತ್ತು ಅಂದರು. ಬೇಗ ಮುಗಿಸಿ ಅಂತ ಸೂಚನೆ ಬಂದಾಗ ತುಟಿಯಲ್ಲೇ ಬುರ್ರ್ ಅಂತ ಸದ್ದು ಮಾಡಿ ತೋರಿಸಿದರು.

ಆ ಪ್ರಶಸ್ತಿ ಬಂದದ್ದು ದಿ ಫೇವರಿಟ್ ಸಿನಿಮಾದ ರಾಣಿ ಆನ್ ಪಾತ್ರಕ್ಕೆ. ನಮ್ಮಲ್ಲಿ ಹಲವರಿಗೆ ಒಲಿವಿಯಾ ಪರಿಚಯವಾದದ್ದು ಇನ್ನೊಬ್ಬ ರಾಣಿಯಾಗಿ, ನೆಟ್‌ಫ್ಲಿಕ್ಸ್‌ನ ದಿ ಕ್ರೌನ್‌ನಲ್ಲಿ. ಆದರೆ 2000ದ ನಂತರ ಬ್ರಿಟನ್ನಿನಲ್ಲಿ ಟಿವಿ ನೋಡಿದವರನ್ನು ಕೇಳಿ. ಅವರಿಗೆ ಈಕೆ ಮೊದಲು ಪೀಪ್ ಶೋ ಅನ್ನುವ ಟಿವಿ ಕಾಮಿಡಿಯ ಸೋಫಿ. ಜೆಎಲ್‌ಬಿ ಕ್ರೆಡಿಟ್ ಅನ್ನುವ ಸಾಲದ ಕಂಪನಿಯಲ್ಲಿ ಕೆಲಸ ಮಾಡುವ, ಕೆಲಸಕ್ಕೆ ಬಾರದ ಇಬ್ಬರು ಗಂಡಸರ ಕಥೆಯಲ್ಲಿ ಸಿಕ್ಕಿಹಾಕಿಕೊಂಡ ಸೋಫಿ.

ರಾಣಿಯರ ಮುಖದಲ್ಲಿ ನಾವು ಕಂಡ ನೋವು ಇದೆಯಲ್ಲ, ಹೊರಗೆ ಬರಲೂ ಆಗದೆ ಒಳಗೆ ಇರಲೂ ಆಗದೆ ಒದ್ದಾಡುವ ನೋವು, ಅದನ್ನು ಒಲಿವಿಯಾ ಕಲಿತದ್ದು ಕಾಮಿಡಿಯಲ್ಲಿ ಅನ್ನುವುದು ನನ್ನ ವಾದ. ಅದೂ ನಗಬೇಕೋ ಮುಖ ಮುಚ್ಚಿಕೊಳ್ಳಬೇಕೋ ಗೊತ್ತಾಗದಂಥ ಕಾಮಿಡಿಯಲ್ಲಿ. ಒಂದೊಂದೇ ಸೀನ್ ಇಟ್ಟುಕೊಂಡು ನೋಡೋಣ. ಮಧ್ಯೆ ಸ್ಪಾಯ್ಲರ್ ಇವೆ, ಈಗಲೇ ಹೇಳಿಬಿಟ್ಟಿದ್ದೇನೆ.

[ದೃಶ್ಯ: ನಾರ್ವಿಚ್, ಆಮೇಲೆ ಕೇಂಬ್ರಿಡ್ಜ್. ನಕ್ಷೆಯ ಮೇಲೆ ಗೆರೆ.]

ಹುಟ್ಟಿದ್ದು 1974ರಲ್ಲಿ, ಇಂಗ್ಲೆಂಡಿನ ಪೂರ್ವ ಭಾಗದ ನಾರ್ವಿಚ್‌ನಲ್ಲಿ. ನಿಜವಾದ ಹೆಸರು ಸಾರಾ. ನಟರ ಯೂನಿಯನ್‌ನಲ್ಲಿ ಅದೇ ಹೆಸರಿನವರು ಆಗಲೇ ಒಬ್ಬರಿದ್ದರು. ಹಾಗಾಗಿ ಒಲಿವಿಯಾ ಆದರು.

ಕೇಂಬ್ರಿಡ್ಜ್‌ಗೆ ಹೋದದ್ದು ಟೀಚರ್ ಆಗುವುದಕ್ಕೆ. ಹೋಮರ್ಟನ್ ಕಾಲೇಜಿನಲ್ಲಿ ಟೀಚರ್ ತರಬೇತಿಗೆ ಸೇರಿದರು. ಅದು ಒಂದು ಟರ್ಮ್ ದಾಟಲಿಲ್ಲ. ಆದರೆ ಅಲ್ಲಿ ಫುಟ್‌ಲೈಟ್ಸ್ ಅಂತ ವಿದ್ಯಾರ್ಥಿಗಳ ಒಂದು ನಾಟಕ ಬಳಗವಿದೆ. 1883ರಿಂದ ನಡೆದುಬಂದಿರುವ ಬಳಗ. ಜಾನ್ ಕ್ಲೀಸ್, ಸ್ಟೀಫನ್ ಫ್ರೈ, ಹ್ಯೂ ಲಾರಿ, ಎಮ್ಮಾ ಥಾಂಪ್ಸನ್ ಎಲ್ಲರೂ ಅಲ್ಲಿಂದಲೇ ಬಂದವರು. ಬ್ರಿಟಿಷ್ ಕಾಮಿಡಿಗೆ ಅದು ಒಂಥರಾ ಹಿತ್ತಲ ಬಾಗಿಲು. ಒಳಗೆ ಹೋದವರಿಗೆ ಸಲೀಸು, ಹೊರಗಿದ್ದವರಿಗೆ ಹೊಟ್ಟೆಯುರಿ. ಒಲಿವಿಯಾಗೆ ಅಲ್ಲಿ ಇಬ್ಬರು ಹುಡುಗರು ಸಿಕ್ಕಿದರು: ಡೇವಿಡ್ ಮಿಚೆಲ್ ಮತ್ತು ರಾಬರ್ಟ್ ವೆಬ್. ಮುಂದಿನ ಹತ್ತು ವರ್ಷದ ಅನ್ನ ಬಹುಪಾಲು ಆ ಸ್ನೇಹದಿಂದಲೇ ಬಂತು. ಮುಂದೆ ಮದುವೆಯಾದ ಎಡ್ ಸಿಂಕ್ಲೇರ್ ಕೂಡ ಕೇಂಬ್ರಿಡ್ಜ್‌ನಲ್ಲೇ ಸಿಕ್ಕಿದ್ದು. ಆಮೇಲೆ ಬ್ರಿಸ್ಟಲ್ ಓಲ್ಡ್ ವಿಕ್ ನಾಟಕ ಶಾಲೆ, 1999ರಲ್ಲಿ ಅಲ್ಲಿಂದ ಹೊರಗೆ. ಅಂದರೆ ಈಕೆ ಸ್ಟ್ಯಾಂಡಪ್ ಮಾಡಿ ಬಂದವರಲ್ಲ. ನಟನೆ ಕಲಿತು, ಗೆಳೆಯರ ಜೊತೆ ಕಾಮಿಡಿಗೆ ಬಂದವರು. ಇದನ್ನು ನೆನಪಿಟ್ಟುಕೊಳ್ಳಿ.

[ದೃಶ್ಯ: ಹಳೆಯ ಟಿವಿ ಸೆಟ್. ಪರದೆಯ ಮೇಲೆ ಚಾನೆಲ್ 4 ಮತ್ತು ಬಿಬಿಸಿ ಟು ಲೋಗೋ.]

ಆ ಹೊತ್ತಿನ ಬ್ರಿಟಿಷ್ ಟಿವಿ ಹೇಗಿತ್ತು ಅಂತ ಸ್ವಲ್ಪ ಹೇಳಬೇಕು.

ಅಮೆರಿಕದ ಫ್ರೆಂಡ್ಸ್ ನೋಡಿದ್ದೀರಿ ಅಲ್ವಾ? ಜೋಕ್ ಮುಗಿದ ಕೂಡಲೇ ಹಿಂದೆ ಜನ ನಗುತ್ತಾರೆ. ಎಲ್ಲಿ ನಗಬೇಕು ಅಂತ ನಮಗೆ ಗೊತ್ತಾಗುತ್ತದೆ. 90ರ ದಶಕದ ಕೊನೆಗೆ ಬ್ರಿಟನ್ನಿನಲ್ಲಿ ಕೆಲವರು ಆ ನಗುವನ್ನೇ ಕಿತ್ತು ಹಾಕಿದರು. 1997ರಲ್ಲಿ ಕ್ರಿಸ್ ಮಾರಿಸ್ ಅವರ ಬ್ರಾಸ್ ಐ ಬಂತು. ಸುದ್ದಿ ಕಾರ್ಯಕ್ರಮದ ವೇಷದಲ್ಲಿ ಬಂದ ವಿಡಂಬನೆ ಅದು. ಇಲ್ಲದ ಡ್ರಗ್ ಒಂದನ್ನು ಸೃಷ್ಟಿಸಿ, ಅದರ ವಿರುದ್ಧ ಪಾರ್ಲಿಮೆಂಟ್ ಸದಸ್ಯರೊಬ್ಬರ ಬಾಯಲ್ಲಿ ಭಾಷಣ ಮಾಡಿಸಿದರು. 1999ರಲ್ಲಿ ದಿ ಲೀಗ್ ಆಫ್ ಜಂಟಲ್‌ಮೆನ್. ಹೊರಗಿನವರು ಕಾಲಿಟ್ಟರೆ ಜೀವಂತ ಹೋಗುವ ಗ್ಯಾರಂಟಿ ಇಲ್ಲದ ಊರಿನ ಕಥೆ. 2001ರಲ್ಲಿ ದಿ ಆಫೀಸ್. ಅಲ್ಲಿ ಕೊಲೆ ಇಲ್ಲ, ರಕ್ತ ಇಲ್ಲ. ತಾನು ಬಹಳ ತಮಾಷೆಯ ಮನುಷ್ಯ ಅಂದುಕೊಂಡ ಒಬ್ಬ ಬಾಸ್ ಇದ್ದಾನೆ, ಅಷ್ಟೇ. ಅದೇ ಭಯಾನಕ.

ಇವೆಲ್ಲ ಯಾಕೆ ಸಾಧ್ಯವಾಯಿತು? ಒಂದು ಕಾರಣ ಸೈಜು. ಅಲ್ಲಿ ಒಂದು ಸೀರೀಸ್, ಅಂದರೆ ನಾವು ಸೀಸನ್ ಅನ್ನುವುದು, ಸಾಮಾನ್ಯವಾಗಿ ಆರೇ ಎಪಿಸೋಡ್. ಬರೆಯುವವರು ಒಬ್ಬರೋ ಇಬ್ಬರೋ. ಎಲ್ಲರಿಗೂ ಇಷ್ಟವಾಗಲೇಬೇಕು ಅನ್ನುವ ಒತ್ತಡ ಚಾನೆಲ್ 4 ಮತ್ತು ಬಿಬಿಸಿ ಟುಗೆ ಅಷ್ಟು ಇರಲಿಲ್ಲ. ಪ್ರಯೋಗ ಕೈಕೊಟ್ಟರೂ ಆರು ವಾರದ ಮಾತು.

ನಗುವ ಸದ್ದು ತೆಗೆದರೆ ಏನಾಗುತ್ತದೆ? ನಟರಿಗೆ ಕಷ್ಟ ಶುರುವಾಗುತ್ತದೆ. ಜೋಕ್ ಹೇಳಿ ನಿಲ್ಲುವ ಹಾಗಿಲ್ಲ. ಪಾತ್ರಕ್ಕೆ ಇದು ಜೋಕ್ ಅಂತಲೇ ಗೊತ್ತಿರಬಾರದು. ನಿಜವಾಗಿ ಅವಮಾನವಾದವರ ಹಾಗೆ ನಟಿಸಬೇಕು. ಇಲ್ಲಿ ನಾಟಕ ಶಾಲೆಯಲ್ಲಿ ಕಲಿತವರು ಬೇಕಾಗುತ್ತಾರೆ.

ಒಲಿವಿಯಾ ಮೊದಲು ಟಿವಿಗೆ ಬಂದದ್ದು 2000ದಲ್ಲಿ, ಬಿಬಿಸಿ ಟುವಿನ ಬ್ರೂಯಿಸರ್ ಅನ್ನುವ ಸ್ಕೆಚ್ ಶೋದಲ್ಲಿ, ಅಂದರೆ ಚಿಕ್ಕ ಚಿಕ್ಕ ನಗೆ ತುಣುಕುಗಳ ಕಾರ್ಯಕ್ರಮದಲ್ಲಿ. ಆರು ಎಪಿಸೋಡ್ ಬಂದು ಮುಗಿಯಿತು. ತಂಡ ನೋಡಿ: ಮಿಚೆಲ್, ವೆಬ್, ಮುಂದೆ ದಿ ಹಾಬಿಟ್ ಮತ್ತು ಶೆರ್ಲಾಕ್ ಮಾಡಿದ ಮಾರ್ಟಿನ್ ಫ್ರೀಮನ್, ಮ್ಯಾಥ್ಯೂ ಹೋಲ್ನೆಸ್. ಆಗ ಯಾರಿಗೂ ಹೆಸರಿಲ್ಲ.

[ದೃಶ್ಯ: ದಿ ಆಫೀಸ್, ಎರಡನೇ ಸೀರೀಸ್‌ನ ಸ್ಟಿಲ್.]

2002ರಲ್ಲಿ ದಿ ಆಫೀಸ್‌ನಲ್ಲಿ ಒಂದು ಸಣ್ಣ ಪಾತ್ರ. ಎರಡನೇ ಸೀರೀಸ್‌ನ ಕೊನೆಯ ಎಪಿಸೋಡ್. ಕಾಗದದ ಉದ್ಯಮದ ಪತ್ರಿಕೆಯೊಂದರಿಂದ ಆ ಬಾಸ್ ಡೇವಿಡ್ ಬ್ರೆಂಟ್‌ನ ಸಂದರ್ಶನಕ್ಕೆ ಬರುವ ವರದಿಗಾರ್ತಿ. ಅವಳು ಪ್ರಶ್ನೆ ಕೇಳುತ್ತಾಳೆ. ಆತ ಉತ್ತರದ ಜೊತೆಗೆ, ಅದನ್ನು ಅವಳು ಹೇಗೆ ಬರೆಯಬೇಕು ಅಂತಲೂ ಹೇಳಿಕೊಡುತ್ತಾನೆ. ತಾನು ಯೋಚಿಸಿ ಉತ್ತರಿಸಿದೆ ಅಂತ ಬರೆದುಕೊಳ್ಳಿ ಅನ್ನುವ ಧಾಟಿ. ಒಲಿವಿಯಾ ಅಲ್ಲಿ ಮಾಡುವುದು ಬಹಳ ಕಡಿಮೆ. ಕೆಲಸಕ್ಕೆ ಬಂದ ಹೆಂಗಸು, ಕೆಲಸ ಮುಗಿಸಿ ಹೋಗಬೇಕು, ಅಷ್ಟೇ ಮುಖದಲ್ಲಿದೆ. ಆ ಸಪ್ಪೆ ಸಹನೆ ಇಲ್ಲದಿದ್ದರೆ ಬ್ರೆಂಟ್ ಆಗಿ ನಟಿಸಿದ ರಿಕಿ ಜರ್ವೇಸ್ ಅವರ ಆಟ ಅರ್ಧಕ್ಕರ್ಧ ಬಿದ್ದುಹೋಗುತ್ತಿತ್ತು.

[ದೃಶ್ಯ: ಪೀಪ್ ಶೋ ಟೈಟಲ್. ಇಲ್ಲಿಂದ ನಿಧಾನ.]

ಈಗ ನಿಜವಾದ ವಿಷಯ. ಪೀಪ್ ಶೋ.

2003ರ ಸೆಪ್ಟೆಂಬರ್‌ನಲ್ಲಿ ಚಾನೆಲ್ 4ರಲ್ಲಿ ಶುರು, 2015ರಲ್ಲಿ ಮುಗಿತು. ಒಂಬತ್ತು ಸೀರೀಸ್, 54 ಎಪಿಸೋಡ್. ಬರೆದವರು ಸ್ಯಾಮ್ ಬೇಯ್ನ್ ಮತ್ತು ಜೆಸ್ಸಿ ಆರ್ಮ್‌ಸ್ಟ್ರಾಂಗ್. ಹೌದು, ಮುಂದೆ ಸಕ್ಸೆಷನ್ ಸರಣಿ ಮಾಡಿದ ಅದೇ ಜೆಸ್ಸಿ ಆರ್ಮ್‌ಸ್ಟ್ರಾಂಗ್.

ಕಥೆ ಸಣ್ಣದು. ಲಂಡನ್ನಿನ ದಕ್ಷಿಣಕ್ಕೆ ಕ್ರೊಯ್ಡನ್‌ನಲ್ಲಿ ಒಂದು ಫ್ಲ್ಯಾಟ್. ಒಳಗೆ ಮಾರ್ಕ್ ಮತ್ತು ಜೆರೆಮಿ. ಮಾರ್ಕ್ ಅಂದರೆ ಡೇವಿಡ್ ಮಿಚೆಲ್: ಸಾಲದ ಕಂಪನಿಯಲ್ಲಿ ಕೆಲಸ, ಇತಿಹಾಸದ ಪುಸ್ತಕದ ಹುಚ್ಚು, ಎಲ್ಲಕ್ಕೂ ಹೆದರಿಕೆ. ಜೆರೆಮಿ ಅಂದರೆ ರಾಬರ್ಟ್ ವೆಬ್: ಕೆಲಸವಿಲ್ಲ, ತಾನು ಸಂಗೀತಗಾರ ಅನ್ನುವ ಭ್ರಮೆ ಮಾತ್ರ ಭರ್ತಿ. ಮಾರ್ಕ್‌ಗೆ ಆಫೀಸಿನಲ್ಲಿರುವ ಸೋಫಿ ಮೇಲೆ ಪ್ರೀತಿ. ಸೋಫಿ ಅಂದರೆ ನಮ್ಮ ಒಲಿವಿಯಾ.

ಈ ಶೋವನ್ನು ಬೇರೆ ಮಾಡಿದ್ದು ಕ್ಯಾಮೆರಾ. ಇಲ್ಲಿ ನಾವು ಪಾತ್ರಗಳ ಕಣ್ಣಿನಿಂದಲೇ ನೋಡುತ್ತೇವೆ. ಮಾರ್ಕ್ ಸೋಫಿಯನ್ನು ನೋಡಿದರೆ ಸೋಫಿ ನೇರವಾಗಿ ನಮ್ಮನ್ನೇ ನೋಡುತ್ತಿರುತ್ತಾಳೆ. ಶುರುವಿನಲ್ಲಿ ತಲೆಗೆ ಕಟ್ಟಿದ ಕ್ಯಾಮೆರಾಗಳನ್ನೂ ಬಳಸಿದ್ದರು. ಜೊತೆಗೆ ಇನ್ನೊಂದು: ಮನಸ್ಸಿನ ಮಾತು. ಬಾಯಲ್ಲಿ ಒಂದು ಹೇಳುತ್ತಿರುವಾಗಲೇ ಒಳಗೆ ಏನು ಕುದಿಯುತ್ತಿದೆ ಅಂತ ನಮಗೆ ಕೇಳಿಸುತ್ತದೆ.

ಆದರೆ ಯಾರ ಮನಸ್ಸಿನ ಮಾತು? ಮಾರ್ಕ್‌ದು, ಜೆರೆಮಿದು. ಅಷ್ಟೇ. ಸೋಫಿಯ ಕಣ್ಣಿನಿಂದ ನಾವು ಆಗಾಗ ನೋಡುತ್ತೇವೆ. ಅವಳ ಮನಸ್ಸು ಮಾತ್ರ ಒಂದು ಸಲವೂ ನಮಗೆ ಕೇಳಿಸುವುದಿಲ್ಲ.

[ದೃಶ್ಯ: ಪರದೆ ಎರಡು ಭಾಗ. ಎಡಕ್ಕೆ ಮಾರ್ಕ್ ಮುಖ, ಮೇಲೆ ಅಕ್ಷರಗಳು ಓಡುತ್ತವೆ. ಬಲಕ್ಕೆ ಸೋಫಿ ಮುಖ, ಅಕ್ಷರವಿಲ್ಲ.]

ಇದರ ಅರ್ಥ ನಟಿಯ ಕಡೆಯಿಂದ ಯೋಚಿಸಿ. ಮಿಚೆಲ್ ಸುಮ್ನೆ ಪೆಚ್ಚಾಗಿ ನಿಂತರೂ ಸಾಕು, ಉಳಿದದ್ದನ್ನು ವಾಯ್ಸ್ ಓವರ್ ಹೇಳುತ್ತದೆ. ಒಲಿವಿಯಾಗೆ ಆ ಸೌಲಭ್ಯ ಇಲ್ಲ. ಸೋಫಿ ಏನು ಯೋಚಿಸುತ್ತಿದ್ದಾಳೆ ಅನ್ನುವುದು ಪೂರ್ತಿ ಮುಖದ ಮೇಲೇ ಬರಬೇಕು. ಅದೂ ಎದುರಿಗೆ ಇನ್ನೊಬ್ಬ ನಟನ ಕಣ್ಣಿಲ್ಲ, ಲೆನ್ಸ್ ಇದೆ. ಆ ಗಾಜನ್ನು ನೋಡಿಕೊಂಡೇ ನಾಚಬೇಕು, ಅನುಮಾನ ಪಡಬೇಕು, ಕ್ಷಮಿಸಬೇಕು. ಲೆನ್ಸ್ ಅಷ್ಟು ಹತ್ತಿರ ಇದ್ದಾಗ ಒಂದು ಚೂರು ಜಾಸ್ತಿ ಮಾಡಿದರೂ ಸಿಕ್ಕಿಬೀಳುತ್ತೀರಿ.

ಇನ್ನೂ ಒಂದು ತಿರುವು ಇದೆ. ಮಾರ್ಕ್ ಏನು ಮಾಡುತ್ತಿದ್ದಾನೆ ಅಂತ ನಮಗೆ ಗೊತ್ತು. ಎರಡನೇ ಸೀರೀಸ್‌ನಲ್ಲಿ ಅವಳ ಇಮೇಲ್ ಕದ್ದು ಓದುತ್ತಾನೆ. ಅವಳಿಗೆ ಏನಿಷ್ಟ ಅಂತ ಅಲ್ಲಿಂದ ತಿಳಿದುಕೊಂಡು, ಆಕಸ್ಮಿಕ ಅನ್ನುವ ಹಾಗೆ ಎದುರಾಗುತ್ತಾನೆ. ಇದೇ ಕಥೆಯನ್ನು ಅವಳ ಕಡೆಯಿಂದ ಹೇಳಿದರೆ ಥ್ರಿಲ್ಲರ್ ಆಗುತ್ತದೆ. ನಾವು ನಗುತ್ತಿರುತ್ತೇವೆ, ಯಾಕೆಂದರೆ ಮಾರ್ಕ್‌ನ ಭಯ ನಮಗೆ ಕೇಳಿಸುತ್ತಿದೆ. ಅವನ ಎದುರಿಗಿರುವ ಸೋಫಿ ಮಾತ್ರ ಏನೂ ಗೊತ್ತಿಲ್ಲದೆ ನಂಬಿಕೆಯಿಂದ ನಗುತ್ತಿದ್ದಾಳೆ. ಆ ನಗುವನ್ನು ಒಲಿವಿಯಾ ಎಷ್ಟು ನಿಜವಾಗಿ ನಗುತ್ತಾರೆ ಅಂದರೆ, ನಮ್ಮ ನಗು ಗಂಟಲಲ್ಲಿ ಸಿಕ್ಕಿಕೊಳ್ಳುತ್ತದೆ.

2005ರಲ್ಲಿ ಬಂದ ಮೂರನೇ ಸೀರೀಸ್‌ನ ಕೊನೆ ನೋಡಿ. ಸೋಫಿಗೆ ಮದುವೆ ಪ್ರಸ್ತಾಪ ಮಾಡಬೇಕು ಅಂತ ಮಾರ್ಕ್ ಉಂಗುರ ತಂದಿದ್ದಾನೆ. ಗುಡ್ಡದಲ್ಲಿ ದಾರಿ ತಪ್ಪಿ, ಸುಸ್ತಾಗಿ, ಇವಳು ತನಗೆ ಬೇಡ ಅಂತ ಅವನಿಗೇ ಹೊಳೆಯುತ್ತದೆ. ಅಷ್ಟರಲ್ಲಿ ಉಂಗುರ ಸೋಫಿ ಕೈಗೆ ಸಿಗುತ್ತದೆ. ಅವಳು ಖುಷಿಯಿಂದ ಒಪ್ಪಿಕೊಂಡೇ ಬಿಡುತ್ತಾಳೆ. ಇಲ್ಲ ಅನ್ನಲು ಇವನಿಗೆ ಮುಜುಗರ. ಮುಜುಗರಕ್ಕೆ ಹೆದರಿ ಒಬ್ಬ ಮನುಷ್ಯ ಮದುವೆಯಾಗಲು ಹೊರಡುತ್ತಾನೆ. ಇಡೀ ಬ್ರಿಟಿಷ್ ಡಾರ್ಕ್ ಕಾಮಿಡಿಯಲ್ಲಿ ಇದಕ್ಕಿಂತ ಕ್ರೂರವಾದ ಐಡಿಯಾ ಕಡಿಮೆ. ಒಂದು ಹನಿ ರಕ್ತ ಬೇಡ.

[ದೃಶ್ಯ: ಚರ್ಚ್ ಒಳಗಿನ ಬಾಲ್ಕನಿಯ ರೇಖಾಚಿತ್ರ.]

2007. ನಾಲ್ಕನೇ ಸೀರೀಸ್, ಮದುವೆಯ ಎಪಿಸೋಡ್. ಮದುಮಗ ಮಾರ್ಕ್ ಚರ್ಚ್‌ನ ಮೇಲಿನ ಬಾಲ್ಕನಿಯಲ್ಲಿ ಬಚ್ಚಿಟ್ಟುಕೊಂಡಿದ್ದಾನೆ, ಜೊತೆಗೆ ಜೆರೆಮಿ. ಕೆಳಗೆ ಸೋಫಿ ಮತ್ತು ನೆಂಟರು ಕಾಯುತ್ತಿದ್ದಾರೆ. ಜೆರೆಮಿಗೆ ಉಚ್ಚೆ ತಡೆಯಲಾಗುವುದಿಲ್ಲ. ಅಲ್ಲೇ ಹೊಯ್ದುಕೊಳ್ಳುತ್ತಾನೆ, ಅದು ಕೆಳಗೆ ತೊಟ್ಟಿಕ್ಕುತ್ತದೆ. ಇಬ್ಬರೂ ಸಿಕ್ಕಿಬೀಳುತ್ತಾರೆ. ಅಷ್ಟಾದ ಮೇಲೂ ಮದುವೆ ನಡೆಯುತ್ತದೆ. ಸೋಫಿ ಅಳುತ್ತಲೇ ವಚನ ಹೇಳುತ್ತಾಳೆ.

ಆ ಅಳು ಕಾಮಿಡಿಯ ಅಳು ಅಲ್ಲವೇ ಅಲ್ಲ. ಮೂಗು ಕೆಂಪಗಾಗಿ, ಮುಖವೆಲ್ಲ ಮುದುಡಿ, ನಿಜವಾಗಿ ಮನಸ್ಸು ಮುರಿದ ಹೆಣ್ಣಿನ ಅಳು. ಸುತ್ತಲಿನ ನಟರೆಲ್ಲ ಪ್ರಹಸನದಲ್ಲಿದ್ದಾರೆ. ಒಲಿವಿಯಾ ಒಬ್ಬರೇ ದುರಂತ ನಾಟಕದಲ್ಲಿದ್ದಾರೆ. ಹಾಗೆ ಮಾಡಿದ್ದಕ್ಕೇ ಆ ಸೀನ್ ಇವತ್ತಿಗೂ ನಿಂತಿದೆ.

ಒಂದು ತಕರಾರನ್ನೂ ಹೇಳಬೇಕು. ಆಮೇಲಿನ ಸೀರೀಸ್‌ಗಳಲ್ಲಿ ಸೋಫಿಯನ್ನು ಬರೆದ ರೀತಿ ನನಗೆ ಹಿಡಿಸುವುದಿಲ್ಲ. ಮದುವೆ ಮುರಿಯಿತು, ಬಸಿರಾದಳು, ಮಗು ಮಾರ್ಕ್‌ದೋ ಜೆರೆಮಿದೋ ಅನ್ನುವ ಗೊಂದಲ, ಕಹಿ ಬಿಟ್ಟರೆ ಬೇರೇನೂ ಉಳಿಯಲಿಲ್ಲ. ಇಬ್ಬರು ಗಂಡಸರ ತಲೆಯೊಳಗೆ ಕೂತು ಕಥೆ ಹೇಳುವ ಶೋ ಇದು. ಹೆಂಗಸರು ಕೊನೆಗೆ ಅವರಿಗೆ ಕಂಡಷ್ಟೇ ಆಗಿಬಿಡುತ್ತಾರೆ. ಒಲಿವಿಯಾ ಇದ್ದದ್ದಕ್ಕೆ ಸೋಫಿ ಅದಕ್ಕಿಂತ ಜಾಸ್ತಿ ಕಂಡಳು.

ನೋಡುಗರ ಸಂಖ್ಯೆ ದೊಡ್ಡದೇನೂ ಇರಲಿಲ್ಲ. ಶೋ ಉಳಿಯುವುದಕ್ಕೆ ಡಿವಿಡಿ ಮಾರಾಟ ಬಹಳ ಆಸರೆಯಾಯಿತು. 2008ರಲ್ಲಿ ಅತ್ಯುತ್ತಮ ಸಿಟ್‌ಕಾಮ್ ಅಂತ ಬಾಫ್ಟಾ ಬಂತು, ಬ್ರಿಟನ್ನಿನ ದೊಡ್ಡ ಸಿನಿಮಾ-ಟಿವಿ ಪ್ರಶಸ್ತಿ ಅದು.

[ದೃಶ್ಯ: ಬೇಗ ಬೇಗ ಬದಲಾಗುವ ಸ್ಟಿಲ್‌ಗಳು.]

ಇದೇ ವರ್ಷಗಳಲ್ಲಿ ಉಳಿದವೂ ನಡೆಯುತ್ತಿದ್ದವು. 2004ರಿಂದ ಗ್ರೀನ್ ವಿಂಗ್. ಆಸ್ಪತ್ರೆಯ ಕಥೆ, ಆದರೆ ರೋಗಿಗಳ ಗೊಡವೆಯೇ ಇಲ್ಲ. ದೃಶ್ಯ ಒಮ್ಮೆ ಓಡುತ್ತದೆ, ಒಮ್ಮೆ ತೆವಳುತ್ತದೆ. ಒಲಿವಿಯಾ ಅಲ್ಲಿ ಎಚ್‌ಆರ್ ವಿಭಾಗದ ಹ್ಯಾರಿಯೆಟ್. ನಾಲ್ಕು ಮಕ್ಕಳು, ಸುಖವಿಲ್ಲದ ಸಂಸಾರ. ಸುತ್ತ ಎಲ್ಲರೂ ಹುಚ್ಚಾಟ ಆಡುವಾಗ ಈಕೆ ನಿದ್ದೆಗೆಟ್ಟ ಕಣ್ಣಿನಲ್ಲಿ ಕೂತಿರುತ್ತಾರೆ. 2005ರಲ್ಲಿ ಲುಕ್ ಅರೌಂಡ್ ಯು. ಹಳೆಯ ವಿಜ್ಞಾನ ಕಾರ್ಯಕ್ರಮಗಳ ಅಣಕ. 2006ರಲ್ಲಿ ಬಿಬಿಸಿ ಟುವಿನಲ್ಲಿ ದಟ್ ಮಿಚೆಲ್ ಅಂಡ್ ವೆಬ್ ಲುಕ್. ಅದರಲ್ಲಿನ ನಂಬರ್‌ವ್ಯಾಂಗ್ ಸ್ಕೆಚ್ ಯೂಟ್ಯೂಬ್‌ನಲ್ಲಿ ಎಲ್ಲೋ ನೋಡಿರುತ್ತೀರಿ. ಸ್ಪರ್ಧಿಗಳು ಬಾಯಿಗೆ ಬಂದ ಸಂಖ್ಯೆ ಹೇಳುತ್ತಾರೆ. ನಿರೂಪಕ ಇದ್ದಕ್ಕಿದ್ದಂತೆ "ನಂಬರ್‌ವ್ಯಾಂಗ್!" ಅಂತ ಕೂಗುತ್ತಾನೆ. ನಿಯಮ ಏನು ಅಂತ ಯಾರಿಗೂ ಗೊತ್ತಿಲ್ಲ. ಆ ಸ್ಪರ್ಧಿ ಜೂಲಿ ಒಲಿವಿಯಾ. ಅರ್ಥವೇ ಇಲ್ಲದ ಆಟವನ್ನು ಎಷ್ಟು ಶ್ರದ್ಧೆಯಿಂದ ಆಡುತ್ತಾರೆ ಅಂತ ಗಮನಿಸಿ.

ಜೊತೆಗೆ ಕಾರ್ ಇನ್ಶೂರೆನ್ಸ್ ಜಾಹೀರಾತಿನಲ್ಲಿ ಬೆವ್ ಅನ್ನುವ ಪಾತ್ರವೂ ಇತ್ತು. ಬಾಡಿಗೆ ಕಟ್ಟಬೇಕಲ್ಲ.

ತೊಂದರೆ ಇಲ್ಲೇ ಇತ್ತು. ಮಿಚೆಲ್ ಮತ್ತು ವೆಬ್ ಜೊತೆಗಿನ ಆ ಹುಡುಗಿ ಅಂತಲೇ ಜನ ಗುರುತಿಸತೊಡಗಿದರು. ಆ ಜೋಡಿಯ ಕೆಲಸ ಸ್ವಲ್ಪ ಕಡಿಮೆ ಮಾಡಿ, ಬೇರೆ ಕಡೆ ನೋಡಿ ಅಂತ ಅವರ ಏಜೆಂಟ್ ಸಲಹೆ ಕೊಟ್ಟರು. ಹಳೆಯ ಗೆಳೆಯರನ್ನು ಬಿಟ್ಟು ಬರುವುದು ಸುಲಭದ ಮಾತಲ್ಲ. ಆದರೂ ಸ್ಕೆಚ್ ಶೋದಿಂದ ದೂರ ಸರಿದರು.

[ದೃಶ್ಯ: ಟಿರಾನೊಸಾರ್ ಪೋಸ್ಟರ್. ಸಂಗೀತ ನಿಲ್ಲಲಿ.]

2007ರ ಹಾಟ್ ಫಝ್ ಸಿನಿಮಾದಲ್ಲಿ ಒಲಿವಿಯಾ ನಗುನಗುತ್ತಾ ಪೋಲಿ ಮಾತಾಡುವ ಪೊಲೀಸ್ ಪೇದೆ. ಅದೇ ಸಿನಿಮಾದಲ್ಲಿ ಪ್ಯಾಡಿ ಕಾನ್ಸಿಡೈನ್ ಕೂಡ ನಟಿಸಿದ್ದರು. ಅದೇ ವರ್ಷ ಅವರು ಡಾಗ್ ಆಲ್ಟುಗೆದರ್ ಅನ್ನುವ ಕಿರುಚಿತ್ರ ನಿರ್ದೇಶಿಸಿದರು, ಒಲಿವಿಯಾರನ್ನು ಹಾಕಿಕೊಂಡರು. ಅದೇ ಬೆಳೆದು 2011ರಲ್ಲಿ ಟಿರಾನೊಸಾರ್ ಆಯಿತು.

ಹ್ಯಾನಾ ಅನ್ನುವ ಹೆಂಗಸು. ದೇವರನ್ನು ನಂಬುವವಳು, ದಾನದ ಬಟ್ಟೆ ಮಾರುವ ಅಂಗಡಿಯಲ್ಲಿ ಕೆಲಸ. ಮನೆಯಲ್ಲಿ ಗಂಡ ಹಿಂಸೆ ಕೊಡುತ್ತಾನೆ. ಶುರುವಿನಲ್ಲೇ ಒಂದು ಸೀನ್ ಇದೆ. ಅವಳು ಸೋಫಾ ಮೇಲೆ ಮಲಗಿದ್ದಾಳೆ. ಗಂಡ ಬರುತ್ತಾನೆ, ನೋಡುತ್ತಾನೆ, ಅವಳ ಮೇಲೆ ಉಚ್ಚೆ ಹೊಯ್ಯುತ್ತಾನೆ. ಅವಳು ನಿದ್ದೆ ಬಂದವಳ ಹಾಗೆ ಅಲುಗಾಡದೆ ಮಲಗಿರುತ್ತಾಳೆ.

ಈಗ ಚರ್ಚ್‌ನ ಬಾಲ್ಕನಿ ಸೀನ್ ಪಕ್ಕಕ್ಕೆ ಇಟ್ಟು ನೋಡಿ. ನಾಲ್ಕು ವರ್ಷದ ಅಂತರ. ಎರಡೂ ಕಡೆ ಅದೇ ಹೊಲಸು, ಅದೇ ಅವಮಾನ, ಕೆಳಗೆ ಅದೇ ನಟಿ. ಒಂದು ಕಡೆ ನಾವು ಹೊಟ್ಟೆ ಹಿಡಿದು ನಕ್ಕೆವು. ಇನ್ನೊಂದು ಕಡೆ ಉಸಿರು ಕಟ್ಟುತ್ತದೆ. ಬೇಕಂತಲೇ ಮಾಡಿದ ಹೋಲಿಕೆ ಅಂತ ನಾನು ಹೇಳುತ್ತಿಲ್ಲ. ಆದರೆ ಒಲಿವಿಯಾ ಎರಡನ್ನೂ ಒಂದೇ ರೀತಿ ನಟಿಸಿದ್ದಾರೆ. ಎರಡೂ ಕಡೆ ಅವಮಾನವನ್ನು ನಿಜ ಅಂತಲೇ ತೆಗೆದುಕೊಂಡಿದ್ದಾರೆ. ಬದಲಾದದ್ದು ಸುತ್ತಲಿನ ಲೋಕ ಮಾತ್ರ.

ಆ ಸಿನಿಮಾಗೆ ಅಮೆರಿಕದ ಸನ್‌ಡಾನ್ಸ್ ಚಿತ್ರೋತ್ಸವದಲ್ಲಿ ಒಲಿವಿಯಾ ಮತ್ತು ಸಹನಟ ಪೀಟರ್ ಮುಲನ್ ಇಬ್ಬರಿಗೂ ನಟನೆಗೆ ವಿಶೇಷ ಪ್ರಶಸ್ತಿ ಸಿಕ್ಕಿತು. ಮುಂದಿನದು ಬಹಳ ಜನರಿಗೆ ಗೊತ್ತಿರುವ ಕಥೆ, ಹಾಗಾಗಿ ಬೇಗ ಹೇಳುತ್ತೇನೆ. 2013ರಲ್ಲಿ ಒಂದೇ ರಾತ್ರಿ ಎರಡು ಬಾಫ್ಟಾ: ಅಕ್ಯೂಸ್ಡ್ ಅನ್ನುವ ಗಂಭೀರ ಸರಣಿಗೆ ಒಂದು, ಲಂಡನ್ ಒಲಿಂಪಿಕ್ಸ್ ಆಡಳಿತವನ್ನು ಗೇಲಿ ಮಾಡಿದ ಟ್ವೆಂಟಿ ಟ್ವೆಲ್ವ್‌ಗೆ ಇನ್ನೊಂದು. ಅದೇ ವರ್ಷ ಬ್ರಾಡ್‌ಚರ್ಚ್ ಅನ್ನುವ ಕೊಲೆ ತನಿಖೆಯ ಸರಣಿ. ಅದರ ಮೊದಲ ಸೀಸನ್‌ನ ಕೊನೆಯಲ್ಲಿ, ಪೊಲೀಸ್ ಠಾಣೆಯ ಕೋಣೆಯಲ್ಲಿ ಅವರ ಪಾತ್ರಕ್ಕೆ ಒಂದು ಸತ್ಯ ಗೊತ್ತಾಗುತ್ತದೆ. ಏನದು ಅಂತ ಹೇಳುವುದಿಲ್ಲ, ಇದೊಂದನ್ನು ಮಾತ್ರ ಕೆಡಿಸಲಾರೆ.

[ದೃಶ್ಯ: ದಿ ಫೇವರಿಟ್, ನೃತ್ಯದ ಸೀನ್. ಪೂರ್ತಿ ಓಡಲಿ.]

ಬದಲಿಗೆ ಇದನ್ನು ನೋಡಿ. ದಿ ಫೇವರಿಟ್, ಯೋರ್ಗೊಸ್ ಲಾಂತಿಮೊಸ್ ನಿರ್ದೇಶನ. ಅರಮನೆಯಲ್ಲಿ ನೃತ್ಯ ನಡೆಯುತ್ತಿದೆ. ರಾಣಿಯ ಗೆಳತಿ ಸಾರಾ ಒಬ್ಬ ಯುವಕನ ಜೊತೆ ಕುಣಿಯುತ್ತಿದ್ದಾಳೆ. ರಾಣಿ ಕಾಲಿನ ನೋವಿನಿಂದ ಗಾಲಿ ಕುರ್ಚಿಯಲ್ಲಿ ಕೂತಿದ್ದಾಳೆ. ಕ್ಯಾಮೆರಾ ಅವಳ ಮುಖಕ್ಕೆ ಬಂದು ಅಲ್ಲೇ ನಿಲ್ಲುತ್ತದೆ. ಮೊದಲು ನಗು. ಆಮೇಲೆ ನಗು ಇದೆ, ಕಣ್ಣಲ್ಲಿ ಇಲ್ಲ. ಆಮೇಲೆ ಅಸೂಯೆ, ಸಿಟ್ಟು, ಇನ್ನೇನು ಅಳು. ಕೊನೆಗೆ "ನಿಲ್ಲಿಸಿ!" ಅಂತ ಕಿರುಚುತ್ತಾಳೆ. ಅಲ್ಲಿಯವರೆಗೆ ಒಂದು ಮಾತಿಲ್ಲ, ವಾಯ್ಸ್ ಓವರ್ ಇಲ್ಲ. ಸೋಫಿಗೂ ಇರಲಿಲ್ಲ.

ಕಾಮಿಡಿ ಬಿಟ್ಟು ಮೇಲೆ ಹೋದರು ಅಂತ ಅಂದುಕೊಳ್ಳಬೇಡಿ. 2016ರಲ್ಲಿ ಚಾನೆಲ್ 4ರ ಫ್ಲವರ್ಸ್‌ಗೆ ಬಂದರು. ಗಂಡ ಖಿನ್ನತೆಯಲ್ಲಿ ಮುಳುಗಿದ್ದಾನೆ, ಸಂಸಾರ ಕುಸಿಯುತ್ತಿದೆ, ಹೆಂಡತಿ ಎಲ್ಲ ಚೆನ್ನಾಗಿದೆ ಅಂತ ಹಲ್ಲು ಬಿಟ್ಟು ನಗುತ್ತಾಳೆ. ಅದೇ ವರ್ಷ ಫ್ಲೀಬ್ಯಾಗ್ ಸರಣಿಯಲ್ಲಿ ನಾಯಕಿಯ ಗಾಡ್‌ಮದರ್. ಇಲ್ಲಿ ಆಟ ತಿರುಗುಮುರುಗು. ಇಷ್ಟು ವರ್ಷ ಅವಮಾನ ನುಂಗಿದವರು ಇಲ್ಲಿ ನಗುತ್ತಲೇ ಚುಚ್ಚುತ್ತಾರೆ. ಬಾಯಲ್ಲಿ ಸಕ್ಕರೆ, ಒಳಗೆ ಸೂಜಿ. ಎಲ್ಲಿ ಚುಚ್ಚಿದರೆ ಎಷ್ಟು ನೋಯುತ್ತದೆ ಅಂತ ಚೆನ್ನಾಗಿ ಗೊತ್ತಿರುವವರ ಕೆಲಸ ಅದು.

[ದೃಶ್ಯ: ನಿರೂಪಕರು ನೇರ ಕ್ಯಾಮೆರಾಗೆ.]

ಎಲ್ಲಿಂದ ಶುರು ಮಾಡಬೇಕು ಅಂತ ಕೇಳುತ್ತೀರಿ, ಗೊತ್ತು. ಪೀಪ್ ಶೋ ಮೊದಲ ಸೀರೀಸ್ ಸ್ವಲ್ಪ ಒರಟಾಗಿದೆ, ಕ್ಯಾಮೆರಾಗೆ ಕಣ್ಣು ಹೊಂದಿಕೊಳ್ಳಲು ಎರಡು ಎಪಿಸೋಡ್ ಬೇಕು. ತಾಳ್ಮೆ ಇದ್ದರೆ ಅಲ್ಲಿಂದಲೇ ಬನ್ನಿ. ಇಲ್ಲದಿದ್ದರೆ ಮೂರನೇ ಸೀರೀಸ್‌ನ ಕೊನೆಯ ಎಪಿಸೋಡ್ ನೋಡಿ, ನಾಲ್ಕನೆಯದನ್ನು ಪೂರ್ತಿ ನೋಡಿ. ಒಂದೊಂದು ಎಪಿಸೋಡ್ ಅರ್ಧ ಗಂಟೆಯೂ ಇಲ್ಲ. ಮನೆಯವರ ಜೊತೆ ಕೂತು ನೋಡುವ ಸಾಹಸ ಬೇಡ, ಭಾಷೆ ಬಹಳ ಹಸಿ. ಟಿರಾನೊಸಾರ್‌ನ್ನು ಅದೇ ವಾರ ನೋಡಬೇಡಿ. ನಡುವೆ ಒಂದೆರಡು ನಂಬರ್‌ವ್ಯಾಂಗ್ ಹಾಕಿಕೊಳ್ಳಿ.